ಅಂತರಜಾಲ ಕಾವ್ಯಪತ್ರಿಕೆ

ಕನ್ನಡದ ಮೊದಲ ಅಂತರಜಾಲ ಪತ್ರಿಕೆ 'ವಿಶ್ವ ಕನ್ನಡ'. ಮುಂಬಯಿಯ ಭಾಭಾ ಪರಮಾಣು ಸಂಶೋಧನ ಕೇಂದ್ರದಲ್ಲಿ ವಿಜ್ಞಾನಿಯಾಗಿದ್ದ ಯು.ಬಿ. ಪವನಜ ಇದನ್ನು 1996ರಲ್ಲಿ ಆರಂಭಿಸಿದರು. ಬರೀ ಕವಿತೆಗೆಂದೇ ಹುಟ್ಟಿದ್ದಲ್ಲ, ನಿಜ. ಆದರೂ ಅಚ್ಚುಮನೆ, ಅಂಚೆಚೀಟಿಗಳ ಹಂಗಿಲ್ಲದೆ ಪತ್ರಿಕೆ ನಡೆಸಬಹುದೆಂದು ತೋರಿಸಿಕೊಟ್ಟದ್ದು ಅದೇ.

ಪತ್ರಿಕೆ ಹೊಸದಾದರೂ ಹಟ ಹಳೆಯದು. ಗೋಪಾಲಕೃಷ್ಣ ಅಡಿಗರ 'ಸಾಕ್ಷಿ', 1964ರಲ್ಲಿ ಧಾರವಾಡದಲ್ಲಿ ಲೇಖಕರಾದ ಚಂಪಾ, ಗಿರಡ್ಡಿ, ಪಟ್ಟಣಶೆಟ್ಟಿ ಕೂಡಿ ಹೊರಡಿಸಿದ 'ಸಂಕ್ರಮಣ' ಇವೆಲ್ಲ ಚಂದಾದಾರರಿಗಿಂತ ಸಂಪಾದಕರ ಛಲದಿಂದ ಬದುಕಿದವು.

ಉತ್ತರ ಕನ್ನಡದ ಕರಾವಳಿಗೆ ಇಂಥ ಪತ್ರಿಕೆಗಳ ಅಗತ್ಯ ಒಂದು ತೂಕ ಹೆಚ್ಚೇ ಇತ್ತು. ಇಲ್ಲಿಯ ಹಲವು ಬರಹಗಾರರು ಊರಲ್ಲಿ ನಿಂತವರಲ್ಲ; ಊರಿನ ಓದುಗರೊಂದಿಗೆ ಅವರನ್ನು ಬೆಸೆಯಲು ಪತ್ರಿಕೆಯೇ ಬೇಕಿತ್ತು. ಕುಮಟಾ ತಾಲ್ಲೂಕಿನ ಹನೇಹಳ್ಳಿಯ ಗಂಗಾಧರ ಚಿತ್ತಾಲ, ಯಶವಂತ ಚಿತ್ತಾಲ ಸೋದರರು ನೌಕರಿಗೆಂದು ಹೊರಟರು. 1974ರಲ್ಲಿ 'ರಂಗದಿಂದೊಂದಿಷ್ಟು ದೂರ' ಸಂಕಲನದೊಂದಿಗೆ ಬಂದ ಗೋಕರ್ಣದ ಜಯಂತ ಕಾಯ್ಕಿಣಿಯವರೂ ಮುಂದೆ ಮುಂಬಯಿ ಸೇರಿದರು. ಹೊನ್ನಾವರ ತಾಲ್ಲೂಕಿನ ಕಡತೋಕದ ವಿ.ಜಿ. ಭಟ್ಟರು ನವ್ಯ ಕಾವ್ಯದ ಮೊದಲ ಸಾಲಿನ ಕವಿಗಳಲ್ಲೊಬ್ಬರು. ಅಂಕೋಲೆಯ ದಿನಕರ ದೇಸಾಯಿ 'ಜನಸೇವಕ' ವಾರಪತ್ರಿಕೆ ನಡೆಸಿದರು. ಅವರ ಚುಟುಕಕ್ಕೆ ನಾಲ್ಕೇ ಸಾಲು, ವಾರಪತ್ರಿಕೆಯ ಮೂಲೆಯೊಂದು ಸಾಕು. ಇಂದಿನ ಮೊಬೈಲು ಪರದೆಗೂ ಅದು ಅಳತೆ ತೆಗೆದು ಹೊಲಿದಂತಿದೆ.

ಅಂತರಜಾಲದಲ್ಲಿ ಕವಿತೆಗೆ ಮೊದಲು ಅಡ್ಡ ಬಂದದ್ದು ಅಕ್ಷರವೇ. ಪ್ರತಿ ತಾಣಕ್ಕೂ ತನ್ನದೇ ಫಾಂಟು. ಅದಿಲ್ಲದ ಕಂಪ್ಯೂಟರಿನಲ್ಲಿ ಪದ್ಯ ಕಲಸುಮೇಲೋಗರ. 1998ರಲ್ಲಿ ಬಂದ 'ಬರಹ' ತಂತ್ರಾಂಶದಿಂದ ಟೈಪಿಸುವುದು ಸಲೀಸಾಯಿತು. ಎಲ್ಲ ಕಂಪ್ಯೂಟರುಗಳಿಗೂ ಒಂದೇ ಅಕ್ಷರಸಂಕೇತ ಕೊಡುವ ಯುನಿಕೋಡಿನಲ್ಲಿ ಕನ್ನಡಕ್ಕೆ 1991ರಲ್ಲೇ ಜಾಗ ಸಿಕ್ಕಿತ್ತಾದರೂ ಅದು ಜನರ ಕೈಗೆ ಬಂದದ್ದು 2001ರ ವಿಂಡೋಸ್ ಎಕ್ಸ್‌ಪಿಯ ನಂತರ. ಆಮೇಲೆ ತಡವಾಗಲಿಲ್ಲ. 2005ರಲ್ಲಿ ಹರಿಪ್ರಸಾದ ನಾಡಿಗರ 'ಸಂಪದ', 2007ರಲ್ಲಿ ಜಿ.ಎನ್. ಮೋಹನ್ ಅವರ 'ಅವಧಿ', ಅಬ್ದುಲ್ ರಶೀದರ 'ಕೆಂಡಸಂಪಿಗೆ' ಬಂದವು. ಕೊನೆಯ ಎರಡರ ಸಂಪಾದಕರು ಸ್ವತಃ ಕವಿಗಳು. ಕವಿತೆ ಅಲ್ಲಿ ಪುಟ ತುಂಬಿಸುವ ಸಾಮಗ್ರಿಯಾಗಲಿಲ್ಲ.

ಖರ್ಚು ಕಡಿಮೆಯಾಯಿತೇ ಹೊರತು ಆಯುಸ್ಸು ಹೆಚ್ಚಲಿಲ್ಲ. ನಿಂತುಹೋದ ಕಾಗದದ ಪತ್ರಿಕೆಯ ಪ್ರತಿ ಯಾರದೋ ಅಟ್ಟದ ಮೇಲೆ ಸಿಕ್ಕೀತು. ತಾಣದ ಹೆಸರನ್ನು ವರ್ಷವರ್ಷ ನವೀಕರಿಸದಿದ್ದರೆ ಸಂಚಿಕೆಗಳೆಲ್ಲ ಒಟ್ಟಿಗೇ ಕಾಣೆ. 'ಕೆಂಡಸಂಪಿಗೆ'ಯೂ ನಡುವೆ ನಿಂತು ಮತ್ತೆ ಚಿಗುರಿತು. ಹಳೆಯ ಫಾಂಟಿನ ಕವಿತೆಗಳನ್ನು ಕಂಪ್ಯೂಟರಿನಲ್ಲಿ ಇಟ್ಟುಕೊಂಡವರು ಅವನ್ನು ಈಗಲೇ ಯುನಿಕೋಡಿಗೆ ಬದಲಿಸಿ, ಒಂದು ಪ್ರತಿ ಅಚ್ಚು ತೆಗೆದಿಡುವುದು ಒಳ್ಳೆಯದು.