ಕಲಕತ್ತೆಯಲ್ಲಿ ಕಟ್ಟಿದ ಕಾಶಿ ಮನೆ

ಸತ್ಯಜಿತ್ ರಾಯ್ ಅವರ ‘ಅಪರಾಜಿತೊ’ (1956) ನೋಡಿದವರಿಗೆ ಕಾಶಿಯ ಆ ಮನೆ ನೆನಪಿರುತ್ತದೆ. ನಡುವೆ ಅಂಗಳ, ಸುತ್ತ ಕೋಣೆಗಳು, ಮೇಲೆ ತೆರೆದ ಆಕಾಶ. ನಮ್ಮ ತೊಟ್ಟಿಮನೆಗಳಲ್ಲಿ ಬೆಳೆದವರಿಗೆ ಅಂಥ ಬೆಳಕು ಗೊತ್ತು. ಎಲ್ಲಿಂದ ಬಂತೆಂದು ಹೇಳಲಾಗದು, ಸುಮ್ಮನೆ ತುಂಬಿಕೊಂಡಿರುತ್ತದೆ. ಚಿತ್ರದ ಘಾಟುಗಳೇನೋ ನಿಜವಾದ ಕಾಶಿಯವೇ. ಆದರೆ ಪುರೋಹಿತ ಹರಿಹರನ ಸಂಸಾರವಿದ್ದ ಆ ಮನೆ ಮಾತ್ರ ಕಲಕತ್ತೆಯ ಸ್ಟುಡಿಯೋ ಒಂದರೊಳಗಿತ್ತು. ಕಟ್ಟಿದವರು ಕಲಾ ನಿರ್ದೇಶಕ ಬನ್ಸಿ ಚಂದ್ರಗುಪ್ತ.

ಬನ್ಸಿ ಬಂಗಾಳಿಯಲ್ಲ. 1924ರಲ್ಲಿ ಸಿಯಾಲ್‌ಕೋಟೆಯಲ್ಲಿ ಹುಟ್ಟಿ, ಕಾಶ್ಮೀರದಲ್ಲಿ ಬೆಳೆದು, ಚಿತ್ರಕಲೆಯ ಹಂಬಲದಿಂದ ಕಲಕತ್ತೆಗೆ ಬಂದವರು. 1947ರಲ್ಲಿ ರಾಯ್ ಮತ್ತು ಗೆಳೆಯರೊಡನೆ ಕಲಕತ್ತಾ ಫಿಲ್ಮ್ ಸೊಸೈಟಿ ಆರಂಭವಾದಾಗ ಅವರೂ ಇದ್ದರು. ಫ್ರಾನ್ಸಿನ ರೆನ್ವಾರ್ ‘ದಿ ರಿವರ್’ ಚಿತ್ರಕ್ಕಾಗಿ ಬಂಗಾಳಕ್ಕೆ ಬಂದಾಗ, ಅವರ ಕಲಾ ನಿರ್ದೇಶಕ ಲೂರಿಯೆಯ ಕೈಕೆಳಗೆ ದುಡಿದು ಕೆಲಸ ಕಲಿತರು. ‘ಪಥೇರ್ ಪಾಂಚಾಲಿ’ಗೆ ಬೋರಾಲ್ ಹಳ್ಳಿಯ ಪಾಳುಮನೆಯೊಂದನ್ನು ಕಥೆಗೆ ಒಗ್ಗಿಸಿದವರೂ ಅವರೇ.

‘ಅಪರಾಜಿತೊ’ದ ಮನೆಯನ್ನು ಬಯಲಿನಲ್ಲೇ ಕಟ್ಟುವ ಯೋಚನೆಯಿತ್ತು. ಮಳೆಗಾಲದ ಹೆದರಿಕೆಯಿಂದ ಬನ್ಸಿ ಅದನ್ನು ಸ್ಟುಡಿಯೋದೊಳಕ್ಕೆ ತಂದರು. ಛಾಯಾಗ್ರಾಹಕ ಸುಬ್ರತ ಮಿತ್ರ ಒಪ್ಪಲಿಲ್ಲ. ನೆರಳಿಲ್ಲದ ಆಕಾಶದ ಬೆಳಕನ್ನು ಸೂರಿನ ಕೆಳಗೆ ತರುವುದು ಸಾಧ್ಯವೇ ಇಲ್ಲವೆಂದು ಇಬ್ಬರೊಡನೆಯೂ ವಾದಿಸಿದರು, ಸೋತರು. ಅವರ ಮಾತಿನಲ್ಲಿ ಹುರುಳಿತ್ತು. ಶಾಲಾ ವಾರ್ಷಿಕೋತ್ಸವಕ್ಕೆ ಮಕ್ಕಳ ನಾಟಕ ಆಡಿಸಿದವರಿಗೆಲ್ಲ ಗೊತ್ತು: ಎರಡು ದೀಪ ಹಾಕಿದರೆ ಹರಿಶ್ಚಂದ್ರನ ಹಿಂದೆ ಎರಡು ನೆರಳು ನಿಲ್ಲುತ್ತವೆ; ಪರದೆಯ ಅರಮನೆ ಅಲ್ಲಿಗೆ ಮುಗಿಯಿತು.

ಮಿತ್ರ ಸೆಟ್ಟಿನ ನೆತ್ತಿಗೆ ಚೌಕಟ್ಟು ಕಟ್ಟಿ ಬಿಳಿಬಟ್ಟೆ ಬಿಗಿಸಿದರು. ದೀಪಗಳನ್ನು ನಟರ ಮೇಲೆ ಬಿಡದೆ ಕೆಳಗಿನಿಂದ ಆ ಬಟ್ಟೆಗೆ ಹಾಯಿಸಿದರು. ಬಟ್ಟೆಯಿಂದ ಮರಳಿ ಇಳಿದ ಬೆಳಕಿನಲ್ಲಿ ಗಡುಸು ನೆರಳುಗಳಿರಲಿಲ್ಲ. ಸಿನಿಮಾದ ಚರಿತ್ರೆಯಲ್ಲಿ ಈ ಉಪಾಯಕ್ಕೆ ಮಿತ್ರರ ಹೆಸರೇ ನಿಂತಿದೆ, ನ್ಯಾಯವೇ. ಆದರೆ ಅಂಥ ಬೆಳಕಿಗೂ ತಂಗಲು ನಂಬುವಂಥ ಗೋಡೆ ಬೇಕಲ್ಲ! ಗೋಡೆ ಸುಳ್ಳಾಗಿದ್ದರೆ ಆ ಬೆಳಕೇ ಅದನ್ನು ಬಯಲು ಮಾಡುತ್ತಿತ್ತು. ನೋಡಿದವರು ಅದನ್ನು ಕಾಶಿಯ ಮನೆಯೆಂದೇ ನಂಬಿದ ಮೇಲೆ ಕಟ್ಟಿದವನ ಹೆಸರು ಕೇಳುವವರು ಯಾರು? 1957ರಲ್ಲಿ ಚಿತ್ರಕ್ಕೆ ವೆನಿಸ್ಸಿನ ಚಿನ್ನದ ಸಿಂಹ ಬಂತು.

ಬನ್ಸಿ ಮುಂದೆ ‘ಜಲ್ಸಾಘರ್’ನ ಸಂಗೀತಶಾಲೆಯನ್ನು, ‘ಚಾರುಲತಾ’ದ ಶ್ರೀಮಂತ ಮನೆಯ ಒಳಾಂಗಣವನ್ನು ಹೀಗೆಯೇ ಸ್ಟುಡಿಯೋದಲ್ಲಿ ಕಟ್ಟಿದರು, ಆಮೇಲೆ ಮುಂಬಯಿಯ ಹಿಂದಿ ಚಿತ್ರಗಳಿಗೂ ದುಡಿದರು. 1981ರಲ್ಲಿ ಅಮೆರಿಕದಲ್ಲಿ ತೀರಿಕೊಂಡರು. ‘ಚಕ್ರ’ ಚಿತ್ರದ ಕಲಾ ನಿರ್ದೇಶನಕ್ಕೆ ಫಿಲ್ಮ್‌ಫೇರ್ ಪ್ರಶಸ್ತಿ ಬಂದದ್ದು ಅದಾದ ಮೇಲೆ.