ಪೆಗ್ಗಿ ಆಶ್‌ಕ್ರಾಫ್ಟ್: ನಾಟಕ ತಂಡ ರೂಪಿಸಿದ ನಟಿ

ಡೇವಿಡ್ ಲೀನ್ ನಿರ್ದೇಶನದ ‘ಎ ಪ್ಯಾಸೇಜ್ ಟು ಇಂಡಿಯಾ’ ಚಿತ್ರದ ಮಿಸೆಸ್ ಮೂರ್ ಪಾತ್ರಕ್ಕೆ 1985ರಲ್ಲಿ ಆಸ್ಕರ್ ಬಂದಾಗ ಪೆಗ್ಗಿ ಆಶ್‌ಕ್ರಾಫ್ಟ್ ಅವರಿಗೆ 77 ವರ್ಷ. ಪೋಷಕ ನಟಿಯ ಆ ಪ್ರಶಸ್ತಿಯನ್ನು ಅಷ್ಟು ಹಿರಿಯ ವಯಸ್ಸಿನಲ್ಲಿ ಅದುವರೆಗೆ ಯಾರೂ ಪಡೆದಿರಲಿಲ್ಲ. ಬರೀ ಸಿನಿಮಾದ ಕಡೆಯಿಂದ ನೋಡಿದರೆ ಇದು ತಡವಾಗಿ ಒಲಿದ ಅದೃಷ್ಟ ಅನ್ನಿಸುತ್ತದೆ. ಅವರ ರಂಗಜೀವನವನ್ನು ಜೊತೆಗಿಟ್ಟು ಓದಿದರೆ ಆ ಮಾತು ನಿಲ್ಲುವುದಿಲ್ಲ.

1907ರಲ್ಲಿ ಕ್ರಾಯ್ಡನ್‌ನಲ್ಲಿ ಹುಟ್ಟಿದ ಪೆಗ್ಗಿ, ಎಲ್ಸೀ ಫೋಗರ್ಟಿ ನಡೆಸುತ್ತಿದ್ದ ಲಂಡನ್ನಿನ ಸೆಂಟ್ರಲ್ ಸ್ಕೂಲ್‌ಗೆ ಸೇರಿದ್ದು ಹದಿನಾರರ ಹರೆಯದಲ್ಲಿ. ಲಾರೆನ್ಸ್ ಒಲಿವಿಯರ್ ಅಲ್ಲಿ ಅವರ ಸಹಪಾಠಿ. ಶಾಲೆಯ ಒತ್ತೆಲ್ಲ ಕಂಠ ಮತ್ತು ಶುದ್ಧ ಉಚ್ಚಾರಣೆಯ ಮೇಲೆ. ಪೆಗ್ಗಿಗೆ ಅದು ರುಚಿಸಲಿಲ್ಲ. ಸ್ತಾನಿಸ್ಲಾವ್‌ಸ್ಕಿಯ ಆತ್ಮಕಥೆಯನ್ನು ಓದಿ ಅವರು ಹೆಚ್ಚು ಕಲಿತರು. ಹಾಗೆಂದು ಶಾಲೆಯ ಪಾಠ ವ್ಯರ್ಥವಾಯಿತೆನ್ನಲಾಗದು. ಶೇಕ್ಸ್‌ಪಿಯರನ ಪದ್ಯವನ್ನು ಉಸಿರು ಕೆಡದಂತೆ ನಿಭಾಯಿಸುವ ಕಸುವಿಗೆ ಆ ಕಠಿಣ ಸಾಧಕವೂ ಕಾರಣವೆಂದೇ ನನ್ನ ಅಭಿಪ್ರಾಯ.

1926ರಲ್ಲಿ ಬರ್ಮಿಂಗ್‌ಹ್ಯಾಮ್ ರೆಪರ್ಟರಿಯಲ್ಲಿ ರಂಗಪ್ರವೇಶವಾಯಿತು. 1930ರಲ್ಲಿ ಲಂಡನ್ನಿನ ಸವಾಯ್ ರಂಗಮಂದಿರದಲ್ಲಿ ಪಾಲ್ ರೋಬ್ಸನ್ ಒಥೆಲೋ ಆದಾಗ ಪೆಗ್ಗಿ ಡೆಸ್ಡಿಮೋನಾ. ಕರಿಯ ನಟನ ಎದುರು ಬಿಳಿಯ ನಟಿ ಪ್ರೇಮದ ಪಾತ್ರ ಮಾಡಿದ್ದನ್ನು ಸಹಿಸದವರು ದ್ವೇಷದ ಪತ್ರಗಳನ್ನು ಬರೆದರು. ವರ್ಣಭೇದದ ಕ್ರೌರ್ಯ ಅವರಿಗೆ ಹತ್ತಿರದಿಂದ ಕಂಡದ್ದು ಆಗಲೇ. 1935ರಲ್ಲಿ ಗೀಲ್ಗುಡ್ ನಿರ್ದೇಶಿಸಿದ ‘ರೋಮಿಯೋ ಅಂಡ್ ಜೂಲಿಯೆಟ್’ನಲ್ಲಿ ಗೀಲ್ಗುಡ್ ಮತ್ತು ಒಲಿವಿಯರ್ ರೋಮಿಯೋ, ಮರ್ಕ್ಯೂಶಿಯೋ ಪಾತ್ರಗಳನ್ನು ಅದಲುಬದಲು ಮಾಡಿಕೊಂಡರು. ಒಬ್ಬರದು ಪದ್ಯದ ಸೊಗಸು, ಇನ್ನೊಬ್ಬರದು ಮೈಯ ಬಿಸಿ. ಆ ಇಬ್ಬರಿಗೂ ಜೂಲಿಯೆಟ್ ಒಬ್ಬಳೇ, ಪೆಗ್ಗಿ. ಎದುರಿನ ನಟ ಬದಲಾದಂತೆ ತನ್ನ ಅಭಿನಯವನ್ನು ಹೊಂದಿಸಿಕೊಳ್ಳುವ ಇಂಥ ತಾಲೀಮು ಎಷ್ಟು ಕಲಾವಿದರಿಗೆ ಸಿಕ್ಕೀತು?

ಅದೇ ವರ್ಷ ತೆರೆಕಂಡ ಹಿಚ್‌ಕಾಕ್‌ನ ‘ದಿ 39 ಸ್ಟೆಪ್ಸ್’ನಲ್ಲಿ ಅವರದು ಕೆಲವೇ ನಿಮಿಷಗಳ ಪಾತ್ರ: ಸ್ಕಾಟ್ಲೆಂಡಿನ ಬಡ ರೈತನ ಎಳೆಯ ಹೆಂಡತಿ. ಊಟಕ್ಕೆ ಮುಂಚೆ ಗಂಡ ಪ್ರಾರ್ಥನೆ ಹೇಳುತ್ತಿದ್ದಾನೆ. ಮೇಜಿನ ಮೇಲಿನ ಪತ್ರಿಕೆ ಅವಳ ಕಣ್ಣಿಗೆ ಬೀಳುತ್ತದೆ. ಮನೆಗೆ ಬಂದ ಅತಿಥಿ ಪೊಲೀಸರು ಹುಡುಕುತ್ತಿರುವ ಮನುಷ್ಯನೆಂದು ಗೊತ್ತಾಗುತ್ತದೆ. ಅವಳು ತಲೆಯೆತ್ತಿ ಅವನನ್ನು ನೋಡುತ್ತಾಳೆ. ಇಬ್ಬರ ನೋಟವನ್ನೂ ಗಂಡ ಗಮನಿಸುತ್ತಾನೆ. ಅವಳ ಬಾಯಲ್ಲಿ ಒಂದು ಮಾತೂ ಇಲ್ಲ, ಆದರೂ ಭಯ, ಕರುಣೆ, ಬಿಡುಗಡೆಯ ಆಸೆ ಮೂರೂ ನಮಗೆ ತಲುಪುತ್ತವೆ. ಕ್ಯಾಮೆರಾಕ್ಕೆ ಒಗ್ಗುವ ನಟಿ ಇವರೆಂಬುದು ಆಗಲೇ ಸ್ಪಷ್ಟವಿತ್ತು. ಆದರೂ ಮುಂದಿನ ದಶಕಗಳಲ್ಲಿ ಅವರು ಸಿನಿಮಾ ಮಾಡಿದ್ದು ಅಪರೂಪಕ್ಕೆ. ಅವರ ಒಲವಿದ್ದದ್ದು ಒಟ್ಟಿಗೆ ಬೆಳೆಯುವ ನಟರ ತಂಡದ ಕಡೆಗೆ.

ಈ ಒಲವಿಗೆ ನೆಲೆ ಸಿಕ್ಕಿದ್ದು 1960ರಲ್ಲಿ. ಪೀಟರ್ ಹಾಲ್ ರಾಯಲ್ ಶೇಕ್ಸ್‌ಪಿಯರ್ ಕಂಪನಿ ಕಟ್ಟಲು ಹೊರಟಾಗ, ಅಷ್ಟು ಹೊತ್ತಿಗೆ ‘ಡೇಮ್’ ಬಿರುದು ಪಡೆದಿದ್ದ ಪೆಗ್ಗಿ, ಹಾಲ್ ಅವರ ಬೆಂಬಲಕ್ಕೆ ನಿಂತರು. ನೀನಾಸಂ ತಿರುಗಾಟ, ರಂಗಾಯಣಗಳನ್ನು ಬಲ್ಲ ನಮಗೆ, ಹೊಸ ತಂಡಕ್ಕೆ ಹಿರಿಯ ಕಲಾವಿದರ ಬಲ ಎಷ್ಟು ಮುಖ್ಯವೆಂದು ಬಿಡಿಸಿ ಹೇಳಬೇಕಿಲ್ಲ. 1963ರ ‘ದಿ ವಾರ್ಸ್ ಆಫ್ ದಿ ರೋಸಸ್’ ಅವರ ಶಿಖರ. ‘ಆರನೆಯ ಹೆನ್ರಿ’ಯ ಮೂರು ಭಾಗಗಳನ್ನೂ ‘ಮೂರನೆಯ ರಿಚರ್ಡ್’ಅನ್ನೂ ಜಾನ್ ಬಾರ್ಟನ್ ಮೂರು ನಾಟಕಗಳಾಗಿ ಹೆಣೆದಿದ್ದರು. ಪೆಗ್ಗಿ ರಾಣಿ ಮಾರ್ಗರೆಟ್. ಮೂರನ್ನೂ ಒಂದೇ ದಿನ ಆಡಿದಾಗ, ಐವತ್ತು ದಾಟಿದ ಈ ನಟಿ ಬೆಳಿಗ್ಗೆ ಫ್ರಾನ್ಸಿನ ಚೆಲ್ಲು ಹುಡುಗಿಯಾಗಿ ಬಂದು ರಾತ್ರಿ ಶಾಪ ಹಾಕುವ ಹಣ್ಣು ಮುದುಕಿಯಾಗಿ ನಿಲ್ಲುತ್ತಿದ್ದರು. 1965ರಲ್ಲಿ ಬಿಬಿಸಿ ಇದನ್ನು ಪ್ರಸಾರ ಮಾಡಿದ್ದರಿಂದ ಆ ಅಭಿನಯ ಇಂದಿನ ಅಧ್ಯಯನಕ್ಕೂ ಉಳಿದಿದೆ.

ಪಿಂಟರ್, ಬೆಕೆಟ್ ನಾಟಕಗಳು ಆಮೇಲಿನವು. ವಯಸ್ಸಾದ ಮೇಲೆ ಹಳೆಯ ಯಶಸ್ಸನ್ನೇ ಮರಳಿ ಮರಳಿ ಆಡುವ ಚಾಳಿ ಅವರಿಗಿರಲಿಲ್ಲ.

ಬ್ರಿಟಿಷ್ ಭಾರತದ ಎರಡು ಪಾತ್ರಗಳು ಪರದೆಗೆ ಬಂದದ್ದು 1984ರಲ್ಲಿ. ‘ದಿ ಜ್ಯುಯೆಲ್ ಇನ್ ದ ಕ್ರೌನ್’ ಟಿವಿ ಧಾರಾವಾಹಿಯಲ್ಲಿ ಅವರು ನಿವೃತ್ತ ಮಿಷನರಿ ಬಾರ್ಬಿ ಬ್ಯಾಚುಲರ್. ಲೀನ್ ಚಿತ್ರಕ್ಕೆ ಬೆಂಗಳೂರು ಅರಮನೆಯ ಆವರಣದಲ್ಲಿ ಸೆಟ್ ಹಾಕಲಾಗಿತ್ತು. ಕಥೆಯಲ್ಲಿ ಬರುವ ಮಾರಾಬಾರ್ ಗುಹೆಗಳ ಹೊರನೋಟಕ್ಕೆ ಸಾವನದುರ್ಗದ ಬಂಡೆ ಒದಗಿತು. ಗುಹೆಯೊಳಗಿನ ಪ್ರತಿಧ್ವನಿಗೆ ಮಿಸೆಸ್ ಮೂರ್ ಬೆದರಿ ಹೊರಬರುವಲ್ಲಿಯೂ ಮಾತಿಗೆ ಕೆಲಸ ಕಡಿಮೆ. ಕುರ್ಚಿಯಲ್ಲಿ ಕುಳಿತು ಸುಧಾರಿಸಿಕೊಳ್ಳುವ ಮುದುಕಿಯ ಮುಖದಲ್ಲಿ ದಣಿವಿನ ಜೊತೆಗೆ ನಂಬಿಕೆಯೊಂದು ಬಿರುಕುಬಿಡುವುದು ಕಾಣುತ್ತದೆ. ಹಿಚ್‌ಕಾಕ್ ಚಿತ್ರದ ರೈತನ ಹೆಂಡತಿಗೂ ಈಕೆಗೂ ನಡುವೆ ಸುಮಾರು ಐವತ್ತು ವರ್ಷಗಳ ರಂಗಭೂಮಿಯಿದೆ. ಆ ವರ್ಷಗಳನ್ನು ಬಿಟ್ಟು ಈ ಆಸ್ಕರ್ ಅನ್ನು ವಿವರಿಸಲು ಬರುವುದಿಲ್ಲ.