ಅಕ್ಕಿ–ರಾಗಿ ವ್ಯಾಜ್ಯಕ್ಕೆ ರಾಮನ ತೀರ್ಪು

ಚಾರ್ಮಾಡಿ ಘಾಟಿ ಇಳಿಯುವ ಪ್ರಯಾಣಿಕರಿಗೆ ಕೊಟ್ಟಿಗೆಹಾರ ಎಂದರೆ ನೀರುದೋಸೆ. ಮಳೆ ಧಾರಾಳವಾದ ಈ ಸೀಮೆಯಲ್ಲಿ ದೋಸೆ, ರೊಟ್ಟಿ, ಕಡುಬು ಎಲ್ಲವೂ ಅಕ್ಕಿಯವೇ. ಇದೇ ಚಿಕ್ಕಮಗಳೂರು ಜಿಲ್ಲೆಯ ಕಡೂರು ಬಯಲಿಗೆ ಹೋದರೆ ತಟ್ಟೆಯಲ್ಲಿ ರಾಗಿ ಮುದ್ದೆ. ಮಳೆಯಿಂದಾದ ಈ ಭೇದ ಕಾಲಕ್ರಮದಲ್ಲಿ ಅಂತಸ್ತಿನ ಭೇದವೂ ಆಯಿತು: ಅಕ್ಕಿ ಉಳ್ಳವರ ಊಟ, ರಾಗಿ ದುಡಿಯುವವರ ಊಟ.

16ನೇ ಶತಮಾನದಲ್ಲಿ ಕನಕದಾಸರು ಈ ಭೇದವನ್ನು ಕಲ್ಪನೆಯ ಲೋಕಕ್ಕೆ ಒಯ್ದರು. ಅವರ ‘ರಾಮಧಾನ್ಯ ಚರಿತೆ’ಯಲ್ಲಿ ಧಾನ್ಯಗಳೇ ಮಾತನಾಡುತ್ತವೆ. ಲಂಕೆಯಿಂದ ಮರಳುವ ರಾಮನಿಗೆ ಋಷ್ಯಾಶ್ರಮದಲ್ಲಿ ಔತಣ. ಧಾನ್ಯಗಳಲ್ಲಿ ಯಾವುದು ಶ್ರೇಷ್ಠ ಎಂಬ ಪ್ರಶ್ನೆಗೆ ಗೌತಮ ಮುನಿ ರಾಗಿಯನ್ನು ಹೆಸರಿಸಿದಾಗ ಭತ್ತ ಕೆರಳುತ್ತದೆ. ರಾಗಿಯನ್ನು ಕೀಳೆಂದು ಜರೆಯುತ್ತದೆ. ಬಡವರನ್ನು ಬಿಟ್ಟು ಉಳ್ಳವರ ಹಿಂದೆ ಹೋಗುವೆಯೆಂದು ರಾಗಿಯೂ ಹಂಗಿಸುತ್ತದೆ. ರಾಮ ಎರಡನ್ನೂ ಆರು ತಿಂಗಳು ಸೆರೆಯಲ್ಲಿಡುತ್ತಾನೆ. ಬಿಡುಗಡೆಯ ದಿನ ಭತ್ತ ಸೊರಗಿರುತ್ತದೆ, ರಾಗಿ ಗಟ್ಟಿಯಾಗಿಯೇ ಇರುತ್ತದೆ. ರಾಘವ ಎಂಬ ತನ್ನ ಹೆಸರನ್ನೇ ರಾಮ ರಾಗಿಗೆ ಕೊಡುತ್ತಾನೆ.

ಕತೆ ಕಲ್ಪಿತವಾದರೂ ತೀರ್ಪು ರೈತನ ಕಣಜದಿಂದ ಬಂದದ್ದು. ರಾಗಿಗೆ ಹುಳ ಹಿಡಿಯುವುದು ಕಡಿಮೆ. ಒಣಗಿಸಿ ಹಗೇವಿನಲ್ಲಿಟ್ಟರೆ ವರ್ಷಗಟ್ಟಲೆ ಕೆಡದು. ಬರಗಾಲದಲ್ಲಿ ಕೈಹಿಡಿದ ಧಾನ್ಯಕ್ಕೆ ಕೆಳಗಿನ ಸ್ಥಾನವೇಕೆ ಎಂಬುದು ಕಾವ್ಯದ ಪ್ರಶ್ನೆ. ಕುಲ ನೋಡಿ ಪಂಕ್ತಿ ಹಾಕುವವರಿಗೂ ಅದೇ ಪ್ರಶ್ನೆ.